ತೋಪು ಹುಟ್ಟಿದ್ದು ಎಲ್ಲಿ, ಕೋಟೆ ಬೀಳಿಸಿದ್ದು ಯಾವಾಗ?

ತುಂಗಾತೀರ
ನಮ್ಮೂರಿನ ವಾಟ್ಸಾಪ್ ಗುಂಪಿನಲ್ಲಿ ಒಂದು ಸಂದೇಶ ಓಡಾಡ್ತಿದೆ: "ತೋಪು ಕಂಡುಹಿಡಿದವರು ತುರ್ಕರು, 1453ರಲ್ಲಿ ಕಾನ್‌ಸ್ಟಾಂಟಿನೋಪಲ್ ಮೇಲೆ ಮೊದಲ ಸಲ ಹಾರಿಸಿದರು, 1526ರಲ್ಲಿ ಬಾಬರ್ ಅದನ್ನು ಭಾರತಕ್ಕೆ ತಂದ." ಈ ಮೂರು ಮಾತಲ್ಲಿ ಒಂದೂ ನಿಲ್ಲೋದಿಲ್ಲ ಅಂತ ನನ್ನ ವಾದ. ರಾಯಚೂರಿನ ಕಾಳಗ ನಡೆದದ್ದು 1520ರಲ್ಲಿ, ಪಾಣಿಪತ್‌ಗಿಂತ ಆರು ವರ್ಷ ಮೊದಲು. ಆಗಲೇ ಆದಿಲ್‌ಶಾಹಿ ಪಾಳೆಯದಲ್ಲಿ ನೂರಾರು ತೋಪು ಇದ್ದವು. ಹಾಗಾದ್ರೆ ಮೊದಲ ತೋಪು ಯಾರದ್ದು? ದಖ್ಖನಿಗೆ ಬಂದದ್ದು ಯಾವಾಗ? ತಿಳಿದವರು ಆಧಾರ ಸಮೇತ ಹೇಳಿ, ಆ ಗುಂಪಿಗೆ ಉತ್ತರ ಬರೀಬೇಕು.

ಹಳೇ ಮೇಷ್ಟ್ರು
ಮೊದಲ ಪ್ರಶ್ನೆಗೆ ಉತ್ತರ ಚೀನಾ. ತೋಪು ಯಾರೋ ಒಬ್ಬನ ತಲೆಯಲ್ಲಿ ಒಂದು ದಿನ ಹೊಳೆದದ್ದಲ್ಲ, ಹಂತ ಹಂತವಾಗಿ ಬೆಳೆದದ್ದು. ಆ ಹಂತಗಳೆಲ್ಲ ಸಾಲಾಗಿ ಸಿಗುವುದು ಚೀನಾದಲ್ಲಿ ಮಾತ್ರ.

1044ರಲ್ಲಿ ಸಾಂಗ್ ಆಸ್ಥಾನದಲ್ಲಿ ಸಿದ್ಧವಾದ 'ವುಜಿಂಗ್ ಝೊಂಗ್ಯಾವೊ' ಎಂಬ ಸೇನಾ ಗ್ರಂಥದಲ್ಲಿ ಪೆಟ್ಲುಪ್ಪು, ಗಂಧಕ, ಇದ್ದಿಲು ಬೆರೆಸಿದ ಮದ್ದಿನ ಪಾಕಗಳಿವೆ. ಪೆಟ್ಲುಪ್ಪಿನ ಪ್ರಮಾಣ ಕಡಿಮೆ ಇದ್ದುದರಿಂದ ಆ ಮದ್ದು ಸಿಡಿಯುವುದಕ್ಕಿಂತ ಉರಿಯುವುದೇ ಹೆಚ್ಚು. 1132ರಲ್ಲಿ ದೆಆನ್ ಪಟ್ಟಣಕ್ಕೆ ಮುತ್ತಿಗೆ ಬಿದ್ದಾಗ ಊರು ಕಾಯುತ್ತಿದ್ದ ಚೆನ್ ಗುಯಿ ಎಂಬ ಅಧಿಕಾರಿ ಉದ್ದನೆಯ ಬಿದಿರಿಗೆ ಮದ್ದು ತುಂಬಿಸಿ 'ಬೆಂಕಿ ಈಟಿ'ಗಳನ್ನು ಮಾಡಿಸಿದ. ಒಂದೊಂದನ್ನು ಹಿಡಿಯಲು ಇಬ್ಬರು ಬೇಕಿತ್ತು.

ನೂರು ವರ್ಷದ ನಂತರದ ಒಂದು ವಿವರ ನೋಡಿ. 1233ರಲ್ಲಿ ಉತ್ತರ ಚೀನಾದ ಜಿನ್ ರಾಜ್ಯದ ಸೈನಿಕರು ಮಂಗೋಲರ ಪಾಳೆಯದ ಮೇಲೆ ಬಿದ್ದಾಗ ಅವರ ಕೈಯಲ್ಲಿದ್ದ ಈಟಿಯ ಕೊಳವೆ ಕಾಗದದ್ದು. ಹಳದಿ ಕಾಗದವನ್ನು ಹದಿನಾರು ಪದರ ಸುತ್ತಿ ಸುಮಾರು ಎರಡಡಿ ಉದ್ದ ಮಾಡಿ, ಒಳಗೆ ಇದ್ದಿಲು, ಗಂಧಕದ ಜೊತೆ ಕಬ್ಬಿಣದ ಪುಡಿ, ಪಿಂಗಾಣಿ ಚೂರು ಜಡಿದಿದ್ದರು. ಹೊತ್ತಿಸುವುದಕ್ಕೆ ಪ್ರತಿಯೊಬ್ಬನ ಬಳಿ ಕೆಂಡ ತುಂಬಿದ ಸಣ್ಣ ಕಬ್ಬಿಣದ ಕುಡಿಕೆ. 1259ರ ದಾಖಲೆಯಲ್ಲಿ ಇನ್ನೊಂದು ಹೆಜ್ಜೆ ಕಾಣುತ್ತದೆ: ದಪ್ಪ ಬಿದಿರಿನೊಳಗೆ ಗುಂಡಿನಂಥ ವಸ್ತು ಇಟ್ಟು, ಬೆಂಕಿ ಮುಗಿಯುತ್ತಲೇ ಅದು ಹೊರಗೆ ಹಾರುವಂತೆ ಮಾಡಿದ್ದರು. ಸದ್ದು 150 ಹೆಜ್ಜೆ ದೂರಕ್ಕೆ ಕೇಳುತ್ತಿತ್ತಂತೆ. ಆಮೇಲೆ ಬಿದಿರಿನ ಜಾಗಕ್ಕೆ ಕಂಚು ಬಂತು.

ಬಂದರು ರಸ್ತೆ
ಮೇಷ್ಟ್ರೇ, ಗೌರವದಿಂದಲೇ ಭಿನ್ನಾಭಿಪ್ರಾಯ ಹೇಳ್ತೇನೆ. ಕಾಗದದ ಕೊಳವೆ, ಬಿದಿರು ಇವೆಲ್ಲ ಬೆಂಕಿ ಉಗುಳುವ ಕೋಲುಗಳು. ತೋಪು ಅನ್ನಬೇಕಾದ್ರೆ ಲೋಹದ ನಳಿಕೆ ಬೇಕು, ಅದರ ಬಾಯಿಗೆ ಸರಿಯಾಗಿ ಕೂರುವ ಗುಂಡು ಬೇಕು, ಮದ್ದಿನ ಪೂರ್ತಿ ಒತ್ತಡ ಆ ಗುಂಡಿನ ಬೆನ್ನಿಗೆ ಬೀಳಬೇಕು. ಆ ಲೆಕ್ಕಕ್ಕೆ ಯುರೋಪಿನ ಆಧಾರ ಗಟ್ಟಿಯಾಗಿದೆ. 1326ರ ಫೆಬ್ರವರಿಯಲ್ಲಿ ಫ್ಲಾರೆನ್ಸ್ ನಗರಸಭೆ ಲೋಹದ ತೋಪು ಮತ್ತು ಕಬ್ಬಿಣದ ಗುಂಡು ಮಾಡಿಸಲು ಲಿಖಿತ ಆದೇಶ ಕೊಟ್ಟಿದೆ. ಅದೇ ಹೊತ್ತಿಗೆ ಇಂಗ್ಲೆಂಡಿನಲ್ಲಿ ವಾಲ್ಟರ್ ದ ಮೈಲ್‌ಮೀಟ್ ರಾಜನಿಗಾಗಿ ಸಿದ್ಧಪಡಿಸಿದ ಹಸ್ತಪ್ರತಿಯಲ್ಲಿ ಹೂಜಿಯಾಕಾರದ ತೋಪಿನ ಚಿತ್ರವೇ ಇದೆ: ಮೇಜಿನಂಥ ಪೀಠದ ಮೇಲೆ ತೋಪು, ಬಾಯಲ್ಲಿ ದಪ್ಪ ಬಾಣ, ಹಿಂದೆ ನಿಂತ ಸೈನಿಕ ಬೆಂಕಿ ಮುಟ್ಟಿಸ್ತಾ ಇದ್ದಾನೆ. ಚೀನಾದ್ದು ಅಂತ ತೋರಿಸುವ ಹೈಲಾಂಗ್‌ಜಿಯಾಂಗ್ ಸೀಮೆಯ ಮೂರೂವರೆ ಕಿಲೊ ತೋಪಿನ ಮೇಲೆ ತಾರೀಕೇ ಇಲ್ಲ. 1287-88ರಲ್ಲಿ ಆ ಸೀಮೆಯಲ್ಲಿ ದಂಗೆ ನಡೆದಿತ್ತು, ಆದ್ದರಿಂದ ತೋಪೂ ಆಗಿನದ್ದು ಅಂತ ಊಹಿಸಿದ್ದಾರೆ.

ಇನ್ನು 1260ರಲ್ಲಿ ಐನ್ ಜಾಲೂತ್ ಕಾಳಗದಲ್ಲಿ ಈಜಿಪ್ಟಿನ ಮಾಮ್ಲೂಕರು ಮಂಗೋಲರ ಮೇಲೆ ಕೈತೋಪು ಹಾರಿಸಿದ್ರು ಅಂತಲೂ ಕೆಲವು ವಿದ್ವಾಂಸರು ಹೇಳ್ತಾರೆ. ಅದನ್ನು ಯಾಕೆ ಬಿಟ್ಟಿರಿ?

ಹಳೇ ಮೇಷ್ಟ್ರು
ಹೈಲಾಂಗ್‌ಜಿಯಾಂಗ್ ತೋಪನ್ನು ಪಕ್ಕಕ್ಕಿಟ್ಟರೂ ನನ್ನ ವಾದಕ್ಕೆ ಪೆಟ್ಟಿಲ್ಲ. ಕುಬ್ಲೈ ಖಾನನ ಬೇಸಿಗೆ ರಾಜಧಾನಿ ಷಾಂಗ್‌ದುವಿನ ಕಡೆ ಸಿಕ್ಕ ಕಂಚಿನ ತೋಪಿನ ಮೈಮೇಲೆ ಇಸವಿ ಕೆತ್ತಿದ್ದಾರೆ: 1298. ಉದ್ದ ಸುಮಾರು 35 ಸೆಂಟಿಮೀಟರ್, ತೂಕ 6 ಕಿಲೊ ದಾಟುತ್ತದೆ. ನೀವು ಕೇಳಿದ ಲೋಹದ ನಳಿಕೆ ಇದು, ಫ್ಲಾರೆನ್ಸಿನ ಆದೇಶಕ್ಕಿಂತ 28 ವರ್ಷ ಹಿಂದಿನದು.

ಶರಾವತಿ
ಐನ್ ಜಾಲೂತ್ ವಿಚಾರಕ್ಕೆ ನಾನು ಉತ್ತರಿಸ್ತೀನಿ. ಆ ವಾದ ನಿಂತಿರೋದು ಅರಬ್ಬಿ ಹಸ್ತಪ್ರತಿಗಳ ಮೇಲೆ. ಅವು ಕಾಳಗ ನಡೆದ ಕಾಲದವಲ್ಲ, ಆಮೇಲೆ ಬರೆದಂಥವು. ಮದ್ದಿನ ಪಾಕ, ಕೈಯಲ್ಲಿ ಹಿಡಿಯುವ ಕೊಳವೆ ಎರಡೂ ಅವುಗಳಲ್ಲಿ ಬರುತ್ತವೆ, ನಿಜ. ಆದರೆ ಬರೆದವನ ಕಾಲದಲ್ಲಿ ಚಾಲ್ತಿಯಲ್ಲಿದ್ದ ಆಯುಧವನ್ನು ಹಿಂದಿನ ಯುದ್ಧದ ಕೈಗೆ ಕೊಡುವುದು ಎಲ್ಲ ದೇಶದ ಚರಿತ್ರೆಕಾರರೂ ಮಾಡಿದ ಕೆಲಸ. ಹಾಗಾಗಿ 1260ನ್ನು ನಾನು ಲೆಕ್ಕಕ್ಕೆ ತಗೊಳ್ಳೋದಿಲ್ಲ.

ಬಂದರು ರಸ್ತೆಯವರೇ, ಯುರೋಪು ತಾನಾಗಿಯೇ ಕಂಡುಕೊಂಡಿತು ಅನ್ನೋದಕ್ಕೆ ಒಂದು ದೊಡ್ಡ ಅಡ್ಡಿ ಇದೆ. ಅಲ್ಲಿ ಮೊದಲ ಹಂತಗಳೇ ಇಲ್ಲ. ಉರಿಯುವ ಮದ್ದು, ಬೆಂಕಿ ಈಟಿ, ಈಟಿಯ ಬಾಯಿಂದ ಚೂರು ಹಾರಿಸುವುದು, ಕೊನೆಗೆ ಲೋಹದ ನಳಿಕೆ: ಚೀನಾದಲ್ಲಿ ಇದಕ್ಕೆ ಎರಡೂವರೆ ಶತಮಾನ ಹಿಡಿಯಿತು. ಯುರೋಪಿನಲ್ಲಿ 1267ರ ಸುಮಾರಿಗೆ ರೋಜರ್ ಬೇಕನ್ ಪಟಾಕಿಯಂಥ ಒಂದು ವಸ್ತುವಿನ ಬಗ್ಗೆ ಬರೀತಾನೆ, ಅರವತ್ತೇ ವರ್ಷದಲ್ಲಿ ಫ್ಲಾರೆನ್ಸಿನಲ್ಲಿ ತೋಪಿಗೆ ಆದೇಶ ಹೊರಡುತ್ತೆ. ನಡುವೆ ಮಂಗೋಲ್ ಸಾಮ್ರಾಜ್ಯ ಚೀನಾದಿಂದ ರಷ್ಯಾದ ಬಯಲಿನವರೆಗೆ ದಾರಿ ತೆರೆದಿತ್ತು. ಯಾರು ಹೊತ್ತು ತಂದರು ಅಂತ ಹೆಸರು ಹಿಡಿದು ಹೇಳುವ ಕಾಗದ ಇಲ್ಲ. ಆದರೂ ಬೇರೆ ವಿವರಣೆ ನನಗೆ ಒಪ್ಪಿಗೆಯಾಗೋದಿಲ್ಲ.

ಬಂದರು ರಸ್ತೆ
ದಾರಿ ಇತ್ತು ಅಂದ ಮಾತ್ರಕ್ಕೆ ತೋಪೂ ಬಂತು ಅಂತ ಆಗೋದಿಲ್ಲ ಮೇಡಂ. ಮದ್ದು ಬಂದಿರಬಹುದು, ಒಪ್ಪುತ್ತೇನೆ. ಆದರೆ ಮೈಲ್‌ಮೀಟ್ ಚಿತ್ರದ ಹೂಜಿಯಾಕಾರ ನೋಡಿ, ಸ್ವೀಡನ್ನಿನ ಲೋಷುಲ್ಟ್‌ನಲ್ಲಿ 1861ರಲ್ಲಿ ನೆಲದಡಿ ಸಿಕ್ಕ 9 ಕಿಲೊ ತೋಪು ನೋಡಿ. ಅವಕ್ಕೆ ತಮ್ಮದೇ ಒಂದು ವಿನ್ಯಾಸ ಇದೆ. ಗಂಟೆ ಎರೆಯುವವರ ಕೈಚಳಕ ಅದು ಅಂತ ನನ್ನ ನಂಬಿಕೆ.

ಎರಕದ ಮನೆ
ಬೆಳಗಾವಿಯಲ್ಲಿ ಫೌಂಡ್ರಿ ಕೆಲಸ ಮಾಡುವವನು ನಾನು. ಯಾರದ್ದು ಮೊದಲು ಅನ್ನುವುದಕ್ಕಿಂತ, ಆ ಮೊದಲ ತೋಪುಗಳಿಂದ ಏನು ಕೆಲಸ ಆಗುತ್ತಿತ್ತು ಅನ್ನುವುದು ನನಗೆ ಮುಖ್ಯ. ಮೂರೂವರೆ ಕಿಲೊ, ಆರು ಕಿಲೊ, ಒಂಬತ್ತು ಕಿಲೊ ಅಂತ ತೂಕ ಹೇಳಿದಿರಿ. ಇಷ್ಟು ಸಣ್ಣ ನಳಿಕೆಯಿಂದ ಕೋಟೆಗೋಡೆ ಬೀಳುವ ಮಾತೇ ಇಲ್ಲ. ಮನುಷ್ಯನಿಗೆ, ಕುದುರೆಗೆ ಹೊಡೆಯಬಹುದು, ಹೆದರಿಸಬಹುದು. 1346ರ ಕ್ರೆಸಿ ಕಾಳಗದಲ್ಲಿ ಇಂಗ್ಲಿಷರು ತೋಪು ಹಾರಿಸಿದರು ಎಂದು ಇಟಲಿಯ ಚರಿತ್ರೆಕಾರ ವಿಲ್ಲಾನಿ ಬರೆದಿದ್ದಾನೆ, ಆದರೆ ಅಂದು ಫ್ರೆಂಚ್ ರಾವುತರನ್ನು ನೆಲಕ್ಕೆ ಕೆಡವಿದ್ದು ಮುಖ್ಯವಾಗಿ ಬಿಲ್ಲುಗಾರರು.

ಗೋಡೆ ಬೀಳಿಸಬೇಕಾದರೆ ದೊಡ್ಡ ಗುಂಡು ಬೇಕು, ದೊಡ್ಡ ಗುಂಡಿಗೆ ದೊಡ್ಡ ನಳಿಕೆ. ಅಷ್ಟು ಕಬ್ಬಿಣ ಒಮ್ಮೆಗೇ ಕರಗಿಸಿ ಎರೆಯುವ ಕುಲುಮೆ ಆಗ ಯುರೋಪಿನಲ್ಲಿ ಇರಲಿಲ್ಲ. ಅದಕ್ಕೆ ಕಮ್ಮಾರರು ಬೇರೆ ದಾರಿ ಹಿಡಿದರು. ಕಬ್ಬಿಣದ ಪಟ್ಟಿಗಳನ್ನು ಉದ್ದಕ್ಕೆ ಒತ್ತೊತ್ತಾಗಿ ನಿಲ್ಲಿಸಿ ಕೊಳವೆ ಮಾಡಿ, ಅದರ ಮೇಲೆ ಕೆಂಪಗೆ ಕಾದ ಬಳೆಗಳನ್ನು ಒಂದರ ಪಕ್ಕ ಒಂದು ಏರಿಸುವುದು. ಎತ್ತಿನ ಗಾಡಿಯ ಚಕ್ರಕ್ಕೆ ಕಾದ ಕಬ್ಬಿಣದ ಪಟ್ಟಿ ಹಾಕಿ ನೀರು ಹೊಯ್ಯುವುದನ್ನು ನೋಡಿದವರಿಗೆ ಇದು ತಕ್ಷಣ ತಿಳಿಯುತ್ತದೆ. ಆರಿದಂತೆ ಬಳೆ ಕುಗ್ಗಿ ಒಳಗಿನ ಪಟ್ಟಿಗಳನ್ನು ಬಿಗಿಯುತ್ತದೆ. ಎಡಿನ್‌ಬರೋ ಕೋಟೆಯಲ್ಲಿ ಈಗಲೂ ಇರುವ ಮಾನ್ಸ್ ಮೆಗ್ ಹೀಗೇ ಆದದ್ದು, 1449ರಲ್ಲಿ. ಆದರೆ ಒಂದು ಬೆಸುಗೆ ಸಡಿಲಾದರೂ ತೋಪು ಹಾರಿಸುವವನ ಪ್ರಾಣಕ್ಕೇ ಅಪಾಯ. 1460ರಲ್ಲಿ ಸ್ಕಾಟ್ಲೆಂಡಿನ ದೊರೆ ಎರಡನೇ ಜೇಮ್ಸ್ ರಾಕ್ಸ್‌ಬರೋ ಮುತ್ತಿಗೆಯಲ್ಲಿ ತನ್ನದೇ ತೋಪು ಒಡೆದು ಸತ್ತ. ಕಂಚು ಬೆಲೆ ಜಾಸ್ತಿಯಾದರೂ ಅದನ್ನೇ ಬಯಸುತ್ತಿದ್ದುದು ಇದಕ್ಕೇ. ಕಂಚಿನ ತೋಪು ಒಡೆಯುವ ಮೊದಲು ಉಬ್ಬಿ, ಬಿರುಕು ತೋರಿಸಿ ಎಚ್ಚರಿಸುವುದೇ ಹೆಚ್ಚು, ಕಬ್ಬಿಣ ಆ ಅವಕಾಶ ಕೊಡುವುದಿಲ್ಲ.

ತುಂಗಾತೀರ
ಎರಕದ ಮನೆಯವರ ಮಾತಿನಿಂದ ಒಂದು ಪ್ರಶ್ನೆ ಏಳುತ್ತೆ. ಎಲ್ಲರಿಗಿಂತ ಮೊದಲು ತೋಪು ಮಾಡಿದ ಚೀನಾದವರು ಕೋಟೆ ಒಡೆಯುವ ದೊಡ್ಡ ತೋಪಿನ ಕಡೆ ಯಾಕೆ ಹೋಗಲಿಲ್ಲ ಮೇಷ್ಟ್ರೇ? ಎರಕದಲ್ಲಿ ಅವರು ಹಿಂದಿರಲಿಲ್ಲವಲ್ಲ.

ಹಳೇ ಮೇಷ್ಟ್ರು
ಹಿಂದಿರಲಿಲ್ಲ, ಮುಂದೇ ಇದ್ದರು. ಎರಕದ ಕಬ್ಬಿಣವೂ ಅವರಿಗೆ ಹಳೆಯ ವಿದ್ಯೆ. ಕಾರಣ ಗೋಡೆಯಲ್ಲಿದೆ. ಚೀನಾದ ಊರುಗೋಡೆ ಎಂದರೆ ದಮ್ಮಸ್ಸು ಹಾಕಿದ ಮಣ್ಣು, ಹೊರಮೈಗೆ ಇಟ್ಟಿಗೆ. ಷಿಆನ್ ನಗರದ ಮಿಂಗ್ ಕಾಲದ ಗೋಡೆ 12 ಮೀಟರ್ ಎತ್ತರ, ಬುಡದಲ್ಲಿ 15ರಿಂದ 18 ಮೀಟರ್ ದಪ್ಪ, ಅಂದರೆ ಎತ್ತರಕ್ಕಿಂತ ದಪ್ಪವೇ ಹೆಚ್ಚು. ಅಂಥ ಮಣ್ಣಿಗೆ ಗುಂಡು ಹೊಡೆದರೆ ಒಳಗೆ ಹೂತುಹೋಗುತ್ತದೆ, ಅಷ್ಟೆ. ಕಾನ್‌ಸ್ಟಾಂಟಿನೋಪಲ್‌ನ ಒಳಗೋಡೆಗೂ ಸುಮಾರು ಅಷ್ಟೇ ಎತ್ತರ, ದಪ್ಪ ಮಾತ್ರ ಐದಾರು ಮೀಟರ್. ಚೀನಾದಲ್ಲಿ ದೊಡ್ಡ ತೋಪಿನ ಮೇಲೆ ಹಣ ಸುರಿಯುವವನಿಗೆ ಫಲ ಕಾಣುತ್ತಿರಲಿಲ್ಲ. ಹಾಗಾಗಿ ಅವರ ತೋಪು ಮನುಷ್ಯರ ಮೇಲೆ, ಹಡಗುಗಳ ಮೇಲೆ ಬಳಕೆಯಾಯಿತು. 1363ರಲ್ಲಿ ಪೊಯಾಂಗ್ ಸರೋವರದಲ್ಲಿ ಮಿಂಗ್ ವಂಶ ಸ್ಥಾಪಿಸಿದ ಝು ಯುವಾನ್‌ಝಾಂಗ್ ನಡೆಸಿದ ಹಡಗು ಕಾಳಗ ಇದಕ್ಕೆ ಒಳ್ಳೆಯ ಉದಾಹರಣೆ.

ಬಂದರು ರಸ್ತೆ
ಕೊನೆಗೂ ಕೋಟೆ ಉರುಳಿಸಿದ ಖ್ಯಾತಿ ಪಶ್ಚಿಮದ್ದೇ ಆಯ್ತಲ್ಲ. 1453ನ್ನು ಇಷ್ಟು ಸುಲಭವಾಗಿ ತಳ್ಳಿಹಾಕಬೇಡಿ. ಅರ್ಬನ್ ಎಂಬ ಹಂಗೇರಿ ಕಡೆಯ ಎರಕಗಾರ ಮೊದಲು ಕಾನ್‌ಸ್ಟಾಂಟಿನೋಪಲ್ ಚಕ್ರವರ್ತಿಯ ಹತ್ತಿರವೇ ಕೆಲಸ ಕೇಳಿದ. ಅವನಿಗೆ ಸಂಬಳ ಕೊಡುವಷ್ಟು ಹಣ ಬೊಕ್ಕಸದಲ್ಲಿ ಇರಲಿಲ್ಲ, ಆತ ಸುಲ್ತಾನ್ ಮೆಹಮದ್ ಹತ್ತಿರ ಹೋದ. ಎದಿರ್ನೆಯಲ್ಲಿ ಎರೆದ ಆ ತೋಪನ್ನು ಎಳೆಯಲು ಅರವತ್ತು ಎತ್ತು, ಪಕ್ಕಕ್ಕೆ ವಾಲದಂತೆ ಹಿಡಿಯಲು ಇನ್ನೂರು ಆಳು. ದಾರಿ ಸರಿ ಮಾಡುತ್ತಾ ಸೇತುವೆ ಕಟ್ಟುತ್ತಾ ಇನ್ನೊಂದು ತಂಡ ಮುಂದೆ ಹೋಗ್ತಿತ್ತು. ಸಾವಿರ ವರ್ಷ ನಿಂತ ಗೋಡೆ ಎರಡು ತಿಂಗಳಿಗೆ ಮೊದಲೇ ಸೋತಿತು.

ಶರಾವತಿ
ಸಂದೇಶದಲ್ಲಿ 'ಮೊದಲ ಸಲ' ಅಂತ ಇದ್ದದ್ದಕ್ಕೆ ನಮ್ಮ ಆಕ್ಷೇಪ. ಕ್ರೆಸಿ ಕಾಳಗವೇ ಅದಕ್ಕಿಂತ ನೂರೇಳು ವರ್ಷ ಹಳೆಯದು. ಗೋಡೆಯ ವಿಚಾರದಲ್ಲೂ ಒಂದು ಮಾತು ಸೇರಿಸಬೇಕು. ಅರ್ಬನ್ನನ ದೊಡ್ಡ ತೋಪು ಬಿಸಿ ತಣಿದು ಮತ್ತೆ ತುಂಬುವಷ್ಟರಲ್ಲಿ ಗಂಟೆಗಟ್ಟಲೆ ಹೋಗುತ್ತಿತ್ತು, ದಿನಕ್ಕೆ ಏಳು ಗುಂಡು ಹಾರಿದರೆ ಹೆಚ್ಚು. ಆ ಬಿಡುವಿನಲ್ಲಿ, ರಾತ್ರಿಯಲ್ಲಿ, ಊರವರು ಬಿದ್ದ ಜಾಗಕ್ಕೆ ಮಣ್ಣು, ಮರದ ದಿಮ್ಮಿ, ಮಣ್ಣು ತುಂಬಿದ ಪೀಪಾಯಿ ಒಟ್ಟಿ ತಡೆ ಕಟ್ಟಿದರು. ಕಲ್ಲುಗೋಡೆ ಒಡೆದ ಗುಂಡುಗಳು ಆ ಮಣ್ಣಿನಲ್ಲಿ ಹೂತುಹೋದವು. ಮೇಷ್ಟ್ರು ಷಿಆನ್ ಬಗ್ಗೆ ಹೇಳಿದ್ದೇ ಅಲ್ಲೂ ನಡೆದಿದೆ. ಏಪ್ರಿಲ್ 6ರಿಂದ ಮೇ 29ರವರೆಗೆ ಊರು ತಡೆದು ನಿಂತಿತ್ತು, ಕೊನೆಗೆ ಆ ತಡೆ ಹತ್ತಿ ಒಳನುಗ್ಗಿದ ಕಾಲಾಳುಗಳು ಊರನ್ನು ಹಿಡಿದರು.

ಗೋಳಗುಮ್ಮಟ ಓಣಿ
ಎಲ್ಲಾರೂ ಚೀನಾ, ಇಟಲಿ, ತುರ್ಕಿ ಅಂತ ಮಾತಾಡಾಕತ್ತೀರಿ, ನಮ್ಮ ದಖ್ಖನಿನ ಸುದ್ದಿ ಯಾರೂ ಎತ್ತವಲ್ಲರಿ. ಬಿಜಾಪುರದಾಗ ಕುಂತು ಚರಿತ್ರೆ ಬರೆದ ಫೆರಿಶ್ತಾ ಏನ್ ಹೇಳ್ತಾನ ಗೊತ್ತೈತೇನ್ರಿ? ಬಹಮನಿ ಸುಲ್ತಾನ ಮಹಮ್ಮದ್ ಶಾಹ ವಿಜಯನಗರದ ಮ್ಯಾಲ 1366ರ ಸುಮಾರಿಗೆ ದಂಡೆತ್ತಿ ಹೋದಾಗ ತೋಪಖಾನೆ ಕಟ್ಟಿದ, ಮುಕರ್ರಬ್ ಖಾನ್ ಅನ್ನಾಂವನ ಕೈಗೆ ಅದನ್ನ ಕೊಟ್ಟ. ಅಂದ್ರ ಕ್ರೆಸಿ ಆಗಿ ಇಪ್ಪತ್ತು ವರ್ಷಕ್ಕ ನಮ್ಮ ಕಲಬುರಗಿ ರಾಜ್ಯದಾಗ ತೋಪು ಬಂದಿತ್ತು. ಬಾಬರನ ಅಜ್ಜ ಹುಟ್ಟೋಕಿಂತ ಮೊದಲ.

ಶರಾವತಿ
ಅಣ್ಣಾ, ಫೆರಿಶ್ತಾನ ಮೇಲೆ ನನಗೂ ಗೌರವ ಇದೆ. ಆದರೆ ಆತ ಬರೆದದ್ದು ಇಮ್ಮಡಿ ಇಬ್ರಾಹಿಂ ಆದಿಲ್‌ಶಾಹನ ಕಾಲದಲ್ಲಿ, ಆ ಯುದ್ಧ ಆಗಿ ಸುಮಾರು 240 ವರ್ಷದ ಮೇಲೆ. ಆಗ ತೋಪಿಲ್ಲದ ಸೈನ್ಯ ಅನ್ನೋದನ್ನು ಕಲ್ಪಿಸೋದೂ ಕಷ್ಟವಾಗಿತ್ತು. ಅದೇ ಪುಟದಲ್ಲಿ ಆ ತೋಪಖಾನೆಯಲ್ಲಿ ತುರ್ಕರೂ ಯುರೋಪಿನವರೂ ಕೆಲಸಕ್ಕಿದ್ದರು ಅಂತ ಬರೀತಾನೆ. ಪೋರ್ಚುಗೀಸರು ಕಲ್ಲಿಕೋಟೆಗೆ ಬಂದದ್ದೇ 1498ರಲ್ಲಿ. ತನ್ನ ಕಾಲದ ಬಿಜಾಪುರದ ತೋಪಖಾನೆಯನ್ನೇ ಹಳೇ ಕಲಬುರಗಿಯಲ್ಲಿ ಇಟ್ಟು ನೋಡಿದಂತಿದೆ. ನಾನು ಮೊದಲೇ ಐನ್ ಜಾಲೂತ್‌ಗೆ ಹಾಕಿದ ಅಳತೆಯನ್ನೇ ಇಲ್ಲೂ ಹಾಕಬೇಕು. ನಮ್ಮೂರಿನದು ಅಂತ ಸಡಿಲ ಬಿಡೋಕಾಗೋದಿಲ್ಲ.

ಗೋಳಗುಮ್ಮಟ ಓಣಿ
ಅಳತಿ ಒಂದೇ ಇರ್ಲಿ ಅಕ್ಕಾರ, ಬ್ಯಾಡ ಅನ್ನಂಗಿಲ್ಲ. ಆದ್ರ ಹಡಗಿನ್ಯಾಗ ಪೋರ್ಚುಗೀಸರು ಬರೋಕಿಂತ ಮುಂಚೆ ಯುರೋಪಿನವರ ಯಾರೂ ಈ ಕಡೆ ಕಾಲಿಟ್ಟಿಲ್ಲೇನು? ವೆನಿಸ್‌ನ ನಿಕೊಲೊ ಕೋಂಟಿ ವಿಜಯನಗರ ನೋಡಿ ಹೋದ, ಅದೂ ಹದಿನೈದನೇ ಶತಮಾನದ ಮೊದಲ ಅರ್ಧದಾಗ. ಹೊರ್ಮುಜ್ ಬಂದರದಿಂದ ಕುದುರಿ ಬರತಿದ್ದವು, ಕುದುರಿ ಜೋಡಿ ಮಂದಿನೂ ಬರತಿದ್ರು. ದೊಡ್ಡ ತೋಪಖಾನೆ ಇರಲಿಕ್ಕಿಲ್ಲ, ಆದ್ರ ಮದ್ದಿನ ವಿದ್ಯಾ ಇತ್ತು ಅಂತ ನನ್ನ ವಾದ. ಅದಕ್ಕ 1472ರ ಬೆಳಗಾವಿ ಮುತ್ತಿಗಿ ನೋಡ್ರಿ. ಬಹಮನಿ ವಜೀರ ಮಹಮೂದ್ ಗವಾನ ಕೋಟಿ ಬುಡಕ್ಕ ಸುರಂಗ ತೋಡಿಸಿ, ಮದ್ದು ತುಂಬಿ ಗ್ವಾಡಿ ಹಾರಿಸಿದ. ಹಂಗ ಮದ್ದು ತುಂಬಾಕ ಕೈ ಪಳಗಿರಬೇಕು, ಒಂದ ದಿನದಾಗ ಬರೂದಲ್ಲ ಅದು.

ಶರಾವತಿ
ಬೆಳಗಾವಿ ಮುತ್ತಿಗೆ ಒಳ್ಳೇ ಉದಾಹರಣೆ. ಆದರೆ ಅಂಥ ಸುರಂಗ ದಖ್ಖನಿಗೆ ಆಗ ಹೊಸದು ಅಂತ ಫೆರಿಶ್ತಾನೇ ಹೇಳ್ತಾನೆ. ಹದಿನೈದನೇ ಶತಮಾನದ ಕೊನೆಯ ಭಾಗ ಅನ್ನಿ, ನನ್ನದೇನೂ ತಕರಾರಿಲ್ಲ. 1366 ಅನ್ನಬೇಡಿ.

ತುಂಗಾತೀರ
1500ರ ಆಚೀಚೆ ಕರಾವಳಿಯಲ್ಲಿ ಎರಕ ನಡೀತಿತ್ತು ಅನ್ನೋದಕ್ಕೆ ನೇರ ಸಾಕ್ಷಿಯೇ ಇದೆ. ಇಟಲಿಯ ಇಬ್ಬರು ಕುಶಲಕರ್ಮಿಗಳು ಪೋರ್ಚುಗೀಸರನ್ನು ಬಿಟ್ಟು ಕಲ್ಲಿಕೋಟೆಯ ಸಾಮೂದಿರಿ ಹತ್ತಿರ ಸೇರಿಕೊಂಡು ತೋಪು ಮಾಡಿಕೊಟ್ಟರು, ಅವರನ್ನು ಭೇಟಿಯಾದದ್ದನ್ನು ಪ್ರವಾಸಿ ವರ್ತೆಮಾ ಬರೆದಿದ್ದಾನೆ. ಬಾಬರ್ ಇನ್ನೂ ಕಾಬೂಲಿನಲ್ಲಿದ್ದ.

ಎರಕದ ಮನೆ
ಬಾಬರನ ಹೆಸರು ಬಂತಲ್ಲ, ಅವನ ಆತ್ಮಕಥೆಯಲ್ಲಿ ನನ್ನ ಕೆಲಸದವರೆಲ್ಲ ಓದಬೇಕಾದ ಒಂದು ಪ್ರಸಂಗವಿದೆ. ಪಾಣಿಪತ್ ಗೆದ್ದ ವರ್ಷವೇ, ಆಗ್ರಾದಲ್ಲಿ ಉಸ್ತಾದ್ ಅಲಿ ಕುಲಿ ದೊಡ್ಡ ತೋಪೊಂದನ್ನು ಎರೆಯಲು ಹೊರಟ. ಅಚ್ಚಿನ ಸುತ್ತ ಎಂಟು ಕುಲುಮೆ, ಒಂದೊಂದರ ಬುಡದಿಂದ ಅಚ್ಚಿಗೆ ಒಂದೊಂದು ಕಾಲುವೆ. ಬಾಬರ್ ನೋಡಲು ಬಂದಾಗ ಬಾಯಿ ತೆಗೆದರು, ಕರಗಿದ ಲೋಹ ನೀರಿನಂತೆ ಹರಿಯಿತು. ಅಚ್ಚು ತುಂಬುವ ಮೊದಲೇ ಒಂದೊಂದಾಗಿ ಕುಲುಮೆಗಳ ಹರಿವು ನಿಂತುಹೋಯಿತು. ಲೋಹದ ಲೆಕ್ಕ ಎಲ್ಲೋ ತಪ್ಪಿತ್ತು. ಉಸ್ತಾದ್ ಆ ಕರಗಿದ ಲೋಹಕ್ಕೇ ಹಾರಲು ಹೋದನಂತೆ. ಬಾಬರ್ ಸಮಾಧಾನ ಹೇಳಿ, ನಿಲುವಂಗಿ ಹೊದಿಸಿ ಗೌರವಿಸಿದ. ಒಂದೆರಡು ದಿನ ಆರಲು ಬಿಟ್ಟು ಅಚ್ಚು ಬಿಚ್ಚಿದಾಗ ಗುಂಡು ಕೂರುವ ಭಾಗ ಒಂದು ದೋಷವೂ ಇಲ್ಲದೆ ಬಂದಿತ್ತು, ಮದ್ದು ತುಂಬುವ ಭಾಗ ಬೇರೆ ಎರೆದು ಸೇರಿಸಿದರು. ಆಮೇಲೆ ಅದರಿಂದ ಹಾರಿದ ಕಲ್ಲು 1600 ಹೆಜ್ಜೆ ದೂರ ಹೋಯಿತು.

ನಾನು ಇದನ್ನು ಹೇಳುವುದು ಯಾಕೆಂದರೆ, ಅಷ್ಟು ಪಳಗಿದ ಉಸ್ತಾದನಿಗೇ 1526ರಲ್ಲೂ ದೊಡ್ಡ ಎರಕ ಹೀಗೆ ಕೈಕೊಡುತ್ತಿತ್ತು. ರಾಜರು ದೊಡ್ಡ ತೋಪಿಗೆ ಆಸೆಪಟ್ಟರು, ಆದರೆ ಆ ಕಾಲದ ಯುದ್ಧಭೂಮಿಯಲ್ಲಿ ಹೆಚ್ಚು ಕೆಲಸಕ್ಕೆ ಬಂದದ್ದು ಸಣ್ಣವು.

ಶರಾವತಿ
ಆ ಮಾತಿಗೆ ರಾಯಚೂರಿಗಿಂತ ಒಳ್ಳೇ ಸಾಕ್ಷಿ ಬೇಡ. ಪೋರ್ಚುಗೀಸ್ ವರ್ತಕ ನೂನಿಜ್ ಹದಿನೈದಿಪ್ಪತ್ತು ವರ್ಷದೊಳಗೆ ಬರೆದಿಟ್ಟ ವಿವರ ನಮ್ಮ ಮುಂದಿದೆ. ಬಯಲಿನಲ್ಲಿ ಆದಿಲ್‌ಶಾಹ ತೋಪುಗಳನ್ನೆಲ್ಲ ಒಟ್ಟಿಗೆ ಹಾರಿಸಿದ, ವಿಜಯನಗರದ ಮುಂಚೂಣಿ ಚದುರಿತು. ಆದರೆ ಮತ್ತೆ ಮದ್ದು ತುಂಬುವ ಮೊದಲೇ ಕೃಷ್ಣದೇವರಾಯ ಎರಡನೇ ಸಾಲಿನೊಂದಿಗೆ ತಾನೇ ನುಗ್ಗಿದ. ಸೋತ ಪಾಳೆಯದಲ್ಲಿ ಸಿಕ್ಕ ದೊಡ್ಡ ತೋಪು 400 ಅಂತ ನೂನಿಜ್ ಲೆಕ್ಕ ಕೊಡ್ತಾನೆ. ಅವನ ಅಂಕಿಗಳನ್ನು ಸ್ವಲ್ಪ ಕಡಿಮೆ ಮಾಡಿಯೇ ಓದಬೇಕು, ಆದರೂ ತೋಪು ಹೆಚ್ಚಿದ್ದ ಕಡೆಯೇ ಸೋತದ್ದು ನಿಜ.

ಕೋಟೆಯ ಕಥೆ ಇನ್ನೂ ವಿಚಿತ್ರ. ಒಳಗಿದ್ದ ಬಿಜಾಪುರದವರ ಹತ್ತಿರ ಭಾರೀ ತೋಪುಗಳಿದ್ದವು. ಹೊರಗಿನ ವಿಜಯನಗರದವರ ಕೈಯಲ್ಲಿ ಗುದ್ದಲಿ, ಹಾರೆ. ಗೋಡೆಯಿಂದ ಕಲ್ಲು ಕಿತ್ತು ತಂದ ಸೈನಿಕನಿಗೆ ಕಲ್ಲಿನ ಗಾತ್ರ ನೋಡಿ ದುಡ್ಡು ಕೊಡುತ್ತಿದ್ದರು! ಗೋಡೆಯ ಬುಡಕ್ಕೇ ಬಂದು ನಿಂತವರ ಮೇಲೆ ಎತ್ತರದ ಭಾರೀ ತೋಪನ್ನು ಬಗ್ಗಿಸಿ ಹೊಡೆಯೋಕೆ ಆಗೋದಿಲ್ಲ. ಮೇಲಿಂದ ಬಾಣ, ಕಲ್ಲು ಬೀಳ್ತಿದ್ದವು. ಅದನ್ನು ನಿಲ್ಲಿಸಿದ್ದು ಕ್ರಿಸ್ಟೋವಾವ್ ದ ಫಿಗೆರೆದೊ ಎಂಬ ಪೋರ್ಚುಗೀಸನ ತಂಡ. ಗೋಡೆ ಮೇಲೆ ತಲೆ ಎತ್ತಿದವರನ್ನೆಲ್ಲ ಅವರು ಕೈಬಂದೂಕಿನಿಂದ ಹೊಡೆದರು. ಕೋಟೆಯ ಅಧಿಪತಿ ಈ ಫಿಗೆರೆದೊ ಎಲ್ಲಿದ್ದಾನೆ ಅಂತ ನೋಡೋಕೆ ಹೊರಗೆ ಬಾಗಿದಾಗ ಹಣೆಯ ನಡುವೆ ಗುಂಡು ಬಿತ್ತು. ಮರುದಿನ ಕೋಟೆ ಶರಣಾಯಿತು.

ಬಂದರು ರಸ್ತೆ
ಹಾಗಾದ್ರೆ ಬಿಜಾಪುರದವರು ರಾಯಚೂರಿನಿಂದ ಪಾಠ ಕಲಿಯಲಿಲ್ಲವಾ? ಮಲಿಕ್-ಎ-ಮೈದಾನ್‌ನಂಥ 55 ಟನ್ನಿನ ತೋಪನ್ನು ಬುರುಜಿನ ಮೇಲೆ ಏರಿಸಿದ್ದು ಅದಾಗಿ ನೂರು ವರ್ಷದ ಮೇಲೆ.

ಗೋಳಗುಮ್ಮಟ ಓಣಿ
ಮಲಿಕ್-ಎ-ಮೈದಾನ್ ಎರದದ್ದು ಬಿಜಾಪುರದಾಗ ಅಲ್ರಿ, ಅಹಮದ್‌ನಗರದಾಗ, 1549ರಾಗ, ಮಹಮ್ಮದ್ ಬಿನ್ ಹಸನ್ ರೂಮಿ ಅನ್ನೋ ಉಸ್ತಾದ. ಬಿಜಾಪುರಕ್ಕ ಬಂದದ್ದು 1632ರಾಗ, ಪರಾಂಡ ಕೋಟಿಯಿಂದ. ಇನ್ನ ಕಲಿಯಲಿಲ್ಲ ಅನ್ನೂದು ಸುಳ್ಳ ಮಾತು. ಒಮ್ಮಿ ಬಂದು ಆ ತೋಪು ಇರೋ ಷೇರ್ಜಿ ಬುರುಜು ಹತ್ತಿ ನೋಡ್ರಿ. ಮ್ಯಾಲ ದುಂಡನ ಕಟ್ಟಿ, ತೋಪು ಬೇಕಾದ ಕಡೆ ಹೊಳ್ಳಿಸಾಕ ಜಾಗಾ. ಹಾರಿದಾಗ ಹಿಂದಕ್ಕ ಒದಿಯೋದನ್ನ ತಡಿಯಾಕ ಕಲ್ಲಿನ ಗ್ವಾಡಿ. ಅಲ್ಲಿಂದ ಸ್ವಲ್ಪ ದೂರ ಹೈದರ್ ಬುರುಜು, ನಮ್ಮ ಮಂದಿ ಉಪ್ಪಲಿ ಬುರುಜು ಅಂತಾರ. ಅದು ಕೋಟಿ ಗ್ವಾಡಿಗೆ ಹತ್ತಿಲ್ಲ, ಊರ ಒಳಗ ಎತ್ತರಕ್ಕ ಬ್ಯಾರೇನ ಕಟ್ಯಾರ. ಅದರ ಮ್ಯಾಲಿನ ಉದ್ದನ ಕಬ್ಬಿಣದ ತೋಪು ಮೂವತ್ತ ಅಡಿ ಮ್ಯಾಲ ಐತಿ. ಎರಕದ ಮನಿಯವರು ಹೇಳಿದ ಪಟ್ಟಿ ಮತ್ತು ಬಳಿ ಕೆಲಸ, ಬಳಿ ಸಾಲು ಕಣ್ಣಿಗೆ ಕಾಣತಾವ. ಅಷ್ಟ ಎತ್ತರದಿಂದ ದೂರಕ್ಕ ಹೊಡದ್ರ ವೈರಿ ಗುದ್ದಲಿ ಹಿಡಕೊಂಡು ಗ್ವಾಡಿ ಬುಡಕ್ಕ ಬರೂದ ಕಷ್ಟ. ರಾಯಚೂರಾಗ ಆದದ್ದಕ್ಕ ಅದ ಉತ್ತರ.

ಎರಕದ ಮನೆ
ಮೂವತ್ತು ಅಡಿ ಉದ್ದಕ್ಕೂ ಬಳೆ ಏರಿಸಿ ನಳಿಕೆ ನೆಟ್ಟಗೆ ನಿಲ್ಲಿಸುವುದು ಸಣ್ಣ ಕೆಲಸ ಅಲ್ಲ. ಆ ಬಳೆಗಳ ಫೋಟೊ ಹತ್ತಿರದಿಂದ ತೆಗೆದದ್ದು ಯಾರ ಬಳಿಯಾದರೂ ಇದ್ದರೆ ಇಲ್ಲಿ ಹಾಕಿ, ಬೆಸುಗೆ ಎಲ್ಲೆಲ್ಲಿ ಸೇರಿದೆ ಅಂತ ನೋಡಬೇಕು.

ಗೋಳಗುಮ್ಮಟ ಓಣಿ
ಐತವಾರ ಹೋಗಿ ತಗದು ಹಾಕ್ತೀನ್ರಿ, ಬಾಯಿ ಕಡೇದೂ ಹಿಂದಿನ ಕಡೇದೂ ಎರಡೂ.